ರಾವಣನೂ ಅವರೇ, ಸಂಗೀತವೂ ಅವರದೇ: ಹೊಳಲ್ಕೆರೆಯ ನಾಗೇಂದ್ರರಾಯರು

ಕಡೂರು, ತರೀಕೆರೆ, ಅಜ್ಜಂಪುರದ ಕಡೆ ಯಾರನ್ನಾದ್ರೂ ಹಳೇ ಕನ್ನಡ ಸಿನಿಮಾ ಬಗ್ಗೆ ಕೇಳಿ, ರಾಜ್‌ಕುಮಾರ್ ಅವರಿಂದಲೇ ಶುರು ಮಾಡ್ತಾರೆ. ನಾನೂ ಹಾಗೇ ಇದ್ದೆ. ಇಂಜಿನಿಯರಿಂಗ್ ಓದುವಾಗ ಅಜ್ಜಂಪುರದಿಂದ ಹುಬ್ಬಳ್ಳಿ ಕಡೆಗೆ ರೈಲಿನಲ್ಲಿ ಎಷ್ಟು ಸಲ ಓಡಾಡಿದ್ದೇನೋ ಲೆಕ್ಕವಿಲ್ಲ. ಶಿವನಿ, ಹೊಸದುರ್ಗ ರೋಡ್ ದಾಟಿದ ಮೇಲೆ ಚಿಕ್ಕಜಾಜೂರಲ್ಲಿ ಚಿತ್ರದುರ್ಗದ ಲೈನು ಕವಲೊಡೆಯುತ್ತಲ್ಲ, ಅದೇ ಲೈನಿನಲ್ಲಿ ಸಿಗುವ ಹೊಳಲ್ಕೆರೆ ಕನ್ನಡದ ಮೊದಲ ವಾಕ್ಚಿತ್ರದ ರಾವಣ ಹುಟ್ಟಿದ ಊರು ಅಂತ ಆಗ ಗೊತ್ತೇ ಇರಲಿಲ್ಲ.

ರಟ್ಟಿಹಳ್ಳಿ ನಾಗೇಂದ್ರರಾವ್ ಹುಟ್ಟಿದ್ದು 1896ರಲ್ಲಿ, ತೀರಿಕೊಂಡದ್ದು 1977ರಲ್ಲಿ. ಬಾಲ್ಯದಲ್ಲೇ ರಂಗ ಹತ್ತಿದವರು. ಕಂಪನಿ ನಾಟಕದಲ್ಲಿ ಆಗ ಹಾಡು ಬಾರದವನನ್ನು ನಟ ಅಂತ ಯಾರೂ ಒಪ್ಪುತ್ತಿರಲಿಲ್ಲ. ಮೈಕಿಲ್ಲದೆ ಕೊನೆಯ ಸಾಲಿನವರೆಗೆ ದನಿ ಮುಟ್ಟಿಸಬೇಕು, ಇವತ್ತು ನಾರದ, ನಾಳೆ ಖಳನಾಯಕ. 1931ರಲ್ಲಿ ‘ಆಲಂ ಆರಾ’ ಬಂದು ಸಿನಿಮಾಕ್ಕೆ ಮಾತು ಬಂದಾಗ ನಿರ್ಮಾಪಕರು ಇಂಥವರನ್ನೇ ಹುಡುಕಿಕೊಂಡು ಹೋದದ್ದು ಸಹಜ. ಮರುವರ್ಷವೇ ನಾಗೇಂದ್ರರಾಯರು ತಮಿಳಿನ ‘ಪಾರಿಜಾತ ಪುಷ್ಪಾಪಹರಣಂ’ನಲ್ಲಿ ಕಾಣಿಸಿಕೊಂಡರು.

ಆಮೇಲೆ ‘ಸತಿ ಸುಲೋಚನ’. ಬಿಡುಗಡೆಯಾದದ್ದು 1934ರ ಮಾರ್ಚ್ 3, ಬೆಂಗಳೂರಿನ ಪ್ಯಾರಾಮೌಂಟ್ ಚಿತ್ರಮಂದಿರದಲ್ಲಿ. ಹಣ ಹಾಕಿದವರು ಚಮನ್‌ಲಾಲ್ ಡುಂಗಾಜಿ, ಸುಮಾರು 40,000 ರೂಪಾಯಿ. ನಿರ್ದೇಶಕ ವೈ.ವಿ. ರಾವ್ ತೆಲುಗಿನವರು. ಚಿತ್ರೀಕರಣ ನಡೆದದ್ದು ಕೊಲ್ಹಾಪುರದ ಛತ್ರಪತಿ ಸ್ಟುಡಿಯೊದಲ್ಲಿ. ಅಂದರೆ ‘ಕನ್ನಡದ ಮೊದಲ ಟಾಕಿ’ಯಲ್ಲಿ ದುಡ್ಡು, ಕ್ಯಾಮೆರಾ, ನಿರ್ದೇಶನ ಎಲ್ಲ ಹೊರಗಿನದು, ಕನ್ನಡದ್ದು ಅಂತ ಇದ್ದದ್ದು ಮಾತು, ಹಾಡು ಮತ್ತು ನಟರು. ಆ ಮಾತು, ಹಾಡು ಬರೆದವರು ಬೆಳ್ಳಾವೆ ನರಹರಿಶಾಸ್ತ್ರಿಗಳು. ಸುಬ್ಬಯ್ಯ ನಾಯ್ಡು ಇಂದ್ರಜಿತು, ತ್ರಿಪುರಾಂಬ ಸುಲೋಚನ. ನಾಗೇಂದ್ರರಾಯರು ರಾವಣ. ಅದೂ ಸಾಲದೆ ಪದ್ಮನಾಭಶಾಸ್ತ್ರಿಗಳ ಜೊತೆ ಸಂಗೀತವೂ ಅವರದೇ! (ಸುಬ್ಬಯ್ಯ ನಾಯ್ಡು ಅಂದ್ರೆ ಯಾರು ಅಂತೀರಾ? ನಟ ಲೋಕೇಶ್ ಅವರ ತಂದೆ, ಸೃಜನ್ ಲೋಕೇಶ್ ಅವರ ತಾತ.)

ಆದರೆ ಆ ದಶಕ ಮುಗಿಯುವವರೆಗೆ ಬಂದ ಕನ್ನಡ ಚಿತ್ರಗಳನ್ನು ಬೆರಳಲ್ಲಿ ಎಣಿಸಬಹುದು. ಸಿನಿಮಾವನ್ನೇ ನಂಬಿಕೊಂಡು ಹೊಟ್ಟೆ ಹೊರೆಯುವ ಹಾಗಿರಲಿಲ್ಲ. ಹಾಗಾಗಿ ನಾಯ್ಡು ಮತ್ತು ರಾಯರಿಬ್ಬರೂ ಸೇರಿ ಕಟ್ಟಿದ ಸಾಹಿತ್ಯ ಸಾಮ್ರಾಜ್ಯ ನಾಟಕ ಮಂಡಳಿಯೇ ಆಧಾರ. ಇವರ ‘ಬಹುಮುಖ ಪ್ರತಿಭೆ’ ಅಂತ ನಾವು ಸನ್ಮಾನಪತ್ರದ ಭಾಷೆಯಲ್ಲಿ ಹೊಗಳ್ತೀವಲ್ಲ, ಅದರಲ್ಲಿ ಅರ್ಧಪಾಲು ಅನಿವಾರ್ಯತೆ ಅಂತ ನನಗನಿಸುತ್ತದೆ. ಆ ಅನಿವಾರ್ಯತೆ ಫಲ ಕೊಟ್ಟಿತು ಅನ್ನೋದೂ ನಿಜ. ಎರಡನೇ ಮಹಾಯುದ್ಧದ ನಡುವೆ, 1941ರಲ್ಲಿ, ಎ.ವಿ. ಮೆಯ್ಯಪ್ಪನ್ ಜೊತೆಗಿನ ‘ವಸಂತಸೇನೆ’ಯಲ್ಲಿ ಶಕಾರನಾದರು. 1943ರಲ್ಲಿ ‘ಸತ್ಯ ಹರಿಶ್ಚಂದ್ರ’ವನ್ನು ತಾವೇ ನಿರ್ದೇಶಿಸಿದರು. ಮರುವರ್ಷ ಅದು ತಮಿಳಿಗೆ ಡಬ್ ಆಯಿತು. ಭಾರತದಲ್ಲಿ ಡಬ್ ಆದ ಮೊದಲ ಚಿತ್ರ ಅಂತ ಗುರುತಿಸುವುದು ಅದನ್ನೇ. ಡಬ್ಬಿಂಗ್ ಬೇಕೋ ಬೇಡವೋ ಅಂತ ದಶಕಗಟ್ಟಲೆ ಜಗಳ ಆಡಿದ ನಾಡಿನವರು ನಾವು, ಇದನ್ನು ಮಾತ್ರ ಯಾರೂ ಎತ್ತಲ್ಲ.

ಅದೇ ಹೊತ್ತಿಗೆ ಪ್ಯಾರಿಸ್ಸಿನಲ್ಲಿ ಸಾಷಾ ಗಿತ್ರಿ ಅನ್ನುವ ನಾಟಕಕಾರ ತಾನೇ ಬರೆದು, ತಾನೇ ನಟಿಸಿ, ತಾನೇ ನಿರ್ದೇಶಿಸುತ್ತಿದ್ದ. ರಂಗದಿಂದಲೇ ಬಂದವನು. ವಂಚಕನೊಬ್ಬ ತನ್ನ ಬದುಕಿನ ಕಥೆ ಹೇಳಿಕೊಳ್ಳುವ ಅವನ 1936ರ ಚಿತ್ರವನ್ನು ಇವತ್ತು ತರೀಕೆರೆಯಲ್ಲಿ ಕೂತು ಮೊಬೈಲಿನಲ್ಲೇ ನೋಡಬಹುದು. ‘ಸತಿ ಸುಲೋಚನ’ವನ್ನು ಎಲ್ಲೂ ನೋಡೋಕಾಗಲ್ಲ. ಅದರ ಪ್ರಿಂಟೇ ಉಳಿದಿಲ್ಲ.

ಯಾಕೆ ಅಂದ್ರೆ, ಆಗಿನ ರೀಲು ಸೆಲ್ಯುಲೋಸ್ ನೈಟ್ರೇಟ್. ಕೋವಿಮದ್ದಿನ ಹತ್ತಿರದ ನೆಂಟ. ಬೆಂಕಿ ಹಿಡಿದರೆ ಗಾಳಿಯ ಹಂಗಿಲ್ಲದೆ ಉರಿಯುತ್ತೆ. ಬೆಂಕಿ ತಗುಲದಿದ್ದರೂ ನಮ್ಮ ಸೆಕೆಗೆ ಮೊದಲು ಅಂಟಂಟಾಗಿ, ಕೊನೆಗೆ ಕಂದು ಪುಡಿಯಾಗಿಬಿಡುತ್ತೆ. ಮೇಲಾಗಿ ಅದರ ಎಮಲ್ಷನ್‌ನಲ್ಲಿ ಬೆಳ್ಳಿ ಇರುತ್ತಿತ್ತು; ಓಡಿ ಮುಗಿದ ಚಿತ್ರಕ್ಕಿಂತ ಅದರೊಳಗಿನ ಬೆಳ್ಳಿಗೇ ಬೆಲೆ ಜಾಸ್ತಿ. ಫ್ರಾನ್ಸಿನಲ್ಲಿ ಸಿನೆಮಾತೆಕ್ ಶುರುವಾದದ್ದು 1936ರಲ್ಲಿ. ಪುಣೆಯಲ್ಲಿ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯ ಬಂದದ್ದು 1964ರಲ್ಲಿ. ನಡುವಿನ 28 ವರ್ಷದಲ್ಲಿ ನಾವು ಕಳೆದುಕೊಂಡ ಚಿತ್ರಗಳು ಒಂದೆರಡಲ್ಲ. ಪರಿಣಾಮ ಏನು ಗೊತ್ತಾ? ಕೆಪಿಎಸ್‌ಸಿಗೆ ಓದುವ ಗೆಳೆಯರಿಗೆ ‘ಸತಿ ಸುಲೋಚನ, 1934’ ಅನ್ನುವುದು ಒಂದು ಅಂಕದ ಉತ್ತರ. ಆ ರಾವಣ ಹೇಗೆ ಮಾತಾಡಿದ, ಹೇಗೆ ಹಾಡಿದ ಅಂತ ಹೇಳಬಲ್ಲವರು ಯಾರೂ ಇಲ್ಲ.

ರಾಯರ ಮನೆಯಲ್ಲಿ ಮಾತ್ರ ಸಿನಿಮಾ ನಿಲ್ಲಲಿಲ್ಲ. ಮಕ್ಕಳಲ್ಲಿ ಆರ್.ಎನ್. ಜಯಗೋಪಾಲ್ ಗೀತರಚನೆಗೆ, ಆರ್.ಎನ್. ಕೃಷ್ಣಪ್ರಸಾದ್ ಕ್ಯಾಮೆರಾಕ್ಕೆ, ಸುದರ್ಶನ್ ನಟನೆಗೆ ಬಂದರು. ಅಪ್ಪ ಒಬ್ಬರೇ ಹೊತ್ತಿದ್ದ ಕೆಲಸಗಳು ಒಬ್ಬೊಬ್ಬರಿಗೆ ಒಂದೊಂದಾಗಿ ಹಂಚಿಹೋದ ಹಾಗೆ. 1957ರ ‘ಪ್ರೇಮದ ಪುತ್ರಿ’ ನಾಗೇಂದ್ರರಾಯರ ನಿರ್ದೇಶನದ್ದೇ, ಅದಕ್ಕೆ ರಾಷ್ಟ್ರಪ್ರಶಸ್ತಿ ಬಂತು.

ಅವರು ನಟಿಸುವುದನ್ನು ನೋಡಬೇಕು ಅನಿಸಿದರೆ ತ್ರಿವೇಣಿಯವರ ಕಾದಂಬರಿ ಆಧರಿಸಿದ 1968ರ ‘ಹಣ್ಣೆಲೆ ಚಿಗುರಿದಾಗ’ ಇದೆ. ವಿಧವೆ ಮಗಳ ಅಪ್ಪನ ಪಾತ್ರ. ಎಪ್ಪತ್ತು ದಾಟಿದ ಮನುಷ್ಯ, ಕಲ್ಪನಾ ಮತ್ತು ರಾಜ್‌ಕುಮಾರ್ ಇರುವ ಚಿತ್ರ. ಆದರೂ ನಾನು ನೋಡುವಾಗ ಕಣ್ಣು ಅವರ ಮೇಲೇ ಇತ್ತು.