ಗುಂಡು ನುಂಗಿದ ಮಣ್ಣು: ಧಾರವಾಡ ಕೋಟೆಯ ಮುತ್ತಿಗೆ, 1790–91

ಉತ್ತರ ಕರ್ನಾಟಕದ ಕೋಟೆಗಳ ಅಧ್ಯಯನ ಬಹುಮಟ್ಟಿಗೆ ಕಲ್ಲಿನ ಸುತ್ತಲೇ ನಡೆದಿದೆ. ಬಾದಾಮಿ, ವಿಜಯಪುರ, ಬೆಳಗಾವಿಗಳ ಮುಂದೆ ಮಣ್ಣಿನ ಕೋಟೆ ಬಡವರ ರಕ್ಷಣೆ ಎನಿಸಿಕೊಂಡಿದೆ. ಧಾರವಾಡ ಕೋಟೆಯ ಇತಿಹಾಸ ಈ ಎಣಿಕೆಗೆ ಒಪ್ಪುವುದಿಲ್ಲ.

ಧಾರವಾಡ ಸೀಮೆಯ ಹಳ್ಳಿಗಳಿಗೆ ಮಣ್ಣಿನ ಗೋಡೆ, ಅಗಸಿ (ಊರಬಾಗಿಲು), ಹುಡೇವು (ಬುರುಜು) ಇವೇ ಕಾವಲಾಗಿದ್ದವು. ಧಾರವಾಡ ಕೋಟೆ ಇದೇ ರೂಢಿಯ ಹಿರಿಯ ರೂಪ. 1403ರಲ್ಲಿ ಆನೆಗೊಂದಿಯ ಅಧಿಕಾರಿ ಧಾರರಾವ್ ಇದನ್ನು ಕಟ್ಟಿಸಿದನೆಂಬುದು ಸ್ಥಳೀಯ ಐತಿಹ್ಯ. ಊರಂತೂ 12ನೆಯ ಶತಮಾನದ ಶಾಸನದಲ್ಲೇ ಕಾಣಿಸುತ್ತದೆ.

ಮರಾಠರ ಇತಿಹಾಸಕಾರ ಗ್ರ್ಯಾಂಟ್ ಡಫ್ ಪ್ರಕಾರ ಕೋಟೆ ಬಯಲಲ್ಲಿತ್ತು, ಬಹುಪಾಲು ಮಣ್ಣಿನದು. ಹೊರಗೊಂದು, ಒಳಗೊಂದು ಕಂದಕ. ಅಗಲ 25ರಿಂದ 30 ಅಡಿ, ಆಳವೂ ಹೆಚ್ಚುಕಡಿಮೆ ಅಷ್ಟೇ. ಟಿಪ್ಪುವಿನ ಸರದಾರ ಬದ್ರುಜ್ಜಮಾನ್ ಖಾನ್ ಸುಮಾರು 10,000 ಜನರೊಂದಿಗೆ ಇದನ್ನು ಕಾಯುತ್ತಿದ್ದ. 1790ರ ಸೆಪ್ಟೆಂಬರಿನಲ್ಲಿ ಮರಾಠಾ ಸೇನಾನಿ ಪರಶುರಾಮಭಾವು ಪಟವರ್ಧನ, ಕ್ಯಾಪ್ಟನ್ ಲಿಟ್ಲ್‌ನ ಈಸ್ಟ್ ಇಂಡಿಯಾ ಕಂಪನಿ ತುಕಡಿಯ ಜೊತೆ ಮುತ್ತಿಗೆ ಹಾಕಿದ.

ಆ ತುಕಡಿಯಲ್ಲಿದ್ದ ಎಡ್ವರ್ಡ್ ಮೂರ್ 1794ರಲ್ಲಿ ಪ್ರಕಟಿಸಿದ ಕಥನ ಇಲ್ಲಿ ಮುಖ್ಯ ಆಕರ. ಮರಾಠಾ ಗೋಲಂದಾಜರು ಒಂದು ಗುಂಡು ತುಂಬಿ ಅರ್ಧ ಗಂಟೆ ಹರಟುತ್ತಿದ್ದರು, ಹುಕ್ಕಾ ಸೇದುತ್ತಿದ್ದರು. ಹಾರಿಸಿದಾಗ ಧೂಳೆದ್ದರೆ ತೃಪ್ತರಾಗುತ್ತಿದ್ದರು. ರಾತ್ರಿ ಫಿರಂಗಿಗಳಿಗೆ ಬಿಡುವು. ಆ ಬಿಡುವಿನಲ್ಲಿ ಒಳಗಿನವರು ಬಿರುಕು ಮುಚ್ಚುತ್ತಿದ್ದರು. ಕಲ್ಲಿನ ಗೋಡೆ ಗುಂಡೇಟಿಗೆ ಸಿಡಿದು ಕಳಚುತ್ತದೆ. ಮಣ್ಣು ಗುಂಡನ್ನು ಒಳಗೆಳೆದುಕೊಳ್ಳುತ್ತದೆ. ಅದನ್ನು ತಿದ್ದಲು ಕಲ್ಲುಕುಟಿಗ ಬೇಕಿಲ್ಲ, ಬುಟ್ಟಿ-ಸಲಿಕೆ ಹಿಡಿದ ಕೈಗಳು ಸಾಕು. 1791ರ ಫೆಬ್ರವರಿ 7ರಂದು ಕಂಪನಿಯ ಕರ್ನಲ್ ಫ್ರೆಡರಿಕ್ ನಡೆಸಿದ ದಾಳಿಯಲ್ಲಿ ಕಂದಕ ತುಂಬಲು ತಂದ ಒಣ ಕಟ್ಟಿಗೆ ಹೊರೆಗಳಿಗೆ ಕೋಟೆಯವರು ಬೆಂಕಿಯಿಟ್ಟರು. ದಾಳಿ ಸೋತಿತು, ಮಾರ್ಚಿನಲ್ಲಿ ಫ್ರೆಡರಿಕ್ ತೀರಿಕೊಂಡ. ಮುತ್ತಿಗೆ ಎಳೆದದ್ದು 29 ವಾರ. ಕಡೆಗೆ ಏಪ್ರಿಲ್ ಮೊದಲಲ್ಲಿ ಕೋಟೆ ಕೈಬದಲಾದದ್ದು ಒಪ್ಪಂದದಿಂದ, ಗೋಡೆ ಉರುಳಿ ಅಲ್ಲ.

ಹಾಗೆಂದು ಮಣ್ಣೊಂದೇ ಕೋಟೆ ಕಾಯಿತೆನ್ನಲಾಗದು. ಜಪಾನಿನ ಯಾಮಾನಾಕಾ ಕೋಟೆ ಕಲ್ಲಿಲ್ಲದೆ, ಜಾರುವ ಜೇಡಿಯಲ್ಲಿ ತೋಡಿದ ಚೌಕುಳಿ ಕಂದಕಗಳ ಜಾಣ ರಚನೆ. ಆದರೂ 1590ರಲ್ಲಿ ಸೇನಾಧಿಪತಿ ಹಿದೆಯೋಶಿಯ ಮಹಾಸೈನ್ಯದೆದುರು ಅದು ಅರ್ಧ ದಿನದಲ್ಲೇ ಬಿತ್ತು. ಸಂಖ್ಯೆ, ವೇಗ ಎರಡೂ ಅಲ್ಲಿ ದಾಳಿಕಾರರ ಕಡೆಗಿದ್ದವು. ಧಾರವಾಡದಲ್ಲಿ ಮುತ್ತಿಗೆಯ ನಿಧಾನವೇ ಕಾವಲಿನವರಿಗೆ ದುರಸ್ತಿಯ ಸಮಯ ಕೊಟ್ಟಿತು.

ಮಣ್ಣಿನ ಕೋಟೆಯ ಬಲವಿದ್ದದ್ದು ಅದನ್ನು ದಿನವೂ ಮೆತ್ತುವ ದುಡಿಮೆಯಲ್ಲಿ. 1857ರ ನಂತರ ಬ್ರಿಟಿಷರು ಗೋಡೆ ಒಡೆದು ದುರಸ್ತಿ ಕೈಬಿಟ್ಟರು. ಬಹುಭಾಗ ಹಾಳಾಗಿ, ಇಂದು ಬಾಗಿಲೇ ಎದ್ದು ಕಾಣುತ್ತದೆ. ಆದ್ದರಿಂದ ಇಂಥ ಕೋಟೆಗಳ ಸರ್ವೇಕ್ಷಣೆ ಉಳಿದ ಗೋಡೆಯ ಎತ್ತರವನ್ನಷ್ಟೇ ಅಳೆದರೆ ಸಾಲದು. ಕಂದಕದ ಜಾಡು, ಅಗಸಿಯ ನೆಲೆ, ಮಣ್ಣು ತೆಗೆದ ತಗ್ಗುಗಳನ್ನೂ ದಾಖಲಿಸಬೇಕು.