ಅಂಕಿತವೂ ಕರ್ತೃತ್ವವೂ

ಗುತ್ತಲಕ್ಕೆ ಸಮೀಪದಲ್ಲಿ, ತುಂಗಭದ್ರೆಯ ತಡಿಯ ಚೌಡದಾನಪುರದಲ್ಲಿ, ಹನ್ನೆರಡನೆಯ ಶತಮಾನದ ಶರಣ ಅಂಬಿಗರ ಚೌಡಯ್ಯನವರ ಸ್ಮರಣೆ ಇಂದಿಗೂ ಜೀವಂತವಾಗಿದೆ. ಬಸವಣ್ಣನವರು ಕೂಡಲಸಂಗಮದೇವನನ್ನೂ ಅಲ್ಲಮಪ್ರಭುಗಳು ಗುಹೇಶ್ವರನನ್ನೂ ವಚನಾಂತ್ಯದಲ್ಲಿ ಸ್ಮರಿಸಿದರೆ, ಚೌಡಯ್ಯನವರು ತಮ್ಮ ಕಾಯಕವನ್ನೂ ಹೆಸರನ್ನೂ ಅಂಕಿತವಾಗಿರಿಸಿ, ತಮ್ಮ ನುಡಿಗೆ ತಾವೇ ಹೊಣೆಯೆಂದು ಸಾರಿದರು.

ಮುದ್ರಣಾಲಯವೂ ಹಕ್ಕುಸ್ವಾಮ್ಯದ ಶಾಸನವೂ ಇಲ್ಲದ ಆ ಕಾಲದಲ್ಲಿ ಕರ್ತೃತ್ವಕ್ಕೆ ಅಂಕಿತವೇ ಮುದ್ರೆಯಾಗಿದ್ದಿತು. ಆದರೆ ಆ ಮುದ್ರೆಯನ್ನು ಯಾರು ಬೇಕಾದರೂ ಒತ್ತಬಹುದಾಗಿದ್ದುದರಿಂದ, ಪರರ ಕೃತಿಯನ್ನು ತನ್ನದೆನ್ನುವ ಕೃತಿಚೌರ್ಯದಂತೆಯೇ, ತನ್ನ ರಚನೆಯನ್ನು ಮಹಾತ್ಮರ ಹೆಸರಿನಲ್ಲಿ ಹರಿಯಬಿಡುವ ಪ್ರಕ್ಷೇಪವೂ ನಮ್ಮ ಪ್ರಾಚೀನ ಸಾಹಿತ್ಯವನ್ನು ಬಾಧಿಸಿತು. ಇದೇ ಸೀಮೆಯ ಸರ್ವಜ್ಞನಷ್ಟು ಇದಕ್ಕೆ ಗುರಿಯಾದ ಕವಿ ವಿರಳ. ತ್ರಿಪದಿಯ ಕೊನೆಗೆ ಆತನ ಹೆಸರೊಂದಿದ್ದರೆ ಸಾಕು, ಆರದ್ದೋ ಪದ್ಯವು ಆತನದೆಂದೇ ಜನರ ನಾಲಗೆಯ ಮೇಲೆ ನೆಲೆಯೂರುತ್ತಿದ್ದಿತು. ಓಲೆಗರಿಗಳನ್ನೂ ಜನರ ಬಾಯಿಮಾತನ್ನೂ ಅರಸಿ ಸಂಗ್ರಹಿಸಿ, ಪರಿಷ್ಕರಿಸಿ, 1924ರಲ್ಲಿ ಸರ್ವಜ್ಞನ ವಚನಗಳನ್ನು ಪ್ರಕಟಿಸಿದ ರೆವರೆಂಡ್ ಉತ್ತಂಗಿ ಚನ್ನಪ್ಪನವರ ಪರಿಶ್ರಮವು ಆದುದರಿಂದಲೇ ವಂದನೀಯವಾದುದು.

1957ರ ಹಕ್ಕುಸ್ವಾಮ್ಯ ಕಾಯಿದೆಯು, ಕೃತಿಯ ಕರ್ತೃ ತಾನೆಂದು ಸಾಧಿಸುವ ಅಧಿಕಾರವನ್ನು ಲೇಖಕನಿಗೆ ಕೊಟ್ಟಿದೆ. ಆದರೆ ತನ್ನ ಪರವಾಗಿ ವಾದಿಸಲಾರದ ಪ್ರಾಚೀನ ಕವಿಗೆ ನ್ಯಾಯ ದೊರಕಿಸಬೇಕಾದವರು ಸಂಪಾದಕರು, ಪ್ರಕಾಶಕರು ಹಾಗೂ ಓದುಗರು. ಇತರರ ನುಡಿಯನ್ನು ಹೆಸರು ಹೇಳಿ ಉದ್ಧರಿಸುವುದೂ, ಸಂದೇಹವಿರುವ ಪದ್ಯವನ್ನು ಸಂದಿಗ್ಧವೆಂದೇ ಮುದ್ರಿಸುವುದೂ ನಮ್ಮ ಪ್ರಕಟನಲೋಕವು ಪೂರ್ವಿಕರಿಗೆ ಸಲ್ಲಿಸಲೇಬೇಕಾದ ಋಣ.