ಹೃದಯದ ಕಿರೀಟ ಧಮನಿಗಳು

ಹೊಳೆಯ ನಡುವೆ ನಿಂತವನು ನೀರಿಲ್ಲದೆ ಸತ್ತನೆಂದು ಯಾರಾದರೂ ಹೇಳಿದರೆ ನಾವು ನಂಬುವುದಿಲ್ಲ. ಆದರೆ ಹೃದಯದ ವಿಷಯದಲ್ಲಿ ಅದು ದಿನದಿನವೂ ನಡೆಯುತ್ತಿರುವ ಸಂಗತಿ. ಬೆಳೆದ ಮನುಷ್ಯನು ಸುಮ್ಮನೆ ಕುಳಿತಿರುವಾಗಲೂ ನಿಮಿಷಕ್ಕೆ ಸುಮಾರು 5 ಲೀಟರಿನಷ್ಟು ರಕ್ತವು ಆ ಮುಷ್ಟಿಗಾತ್ರದ ಅಂಗದೊಳಗೆ ಹಾದುಹೋಗುತ್ತದೆ. ಹೀಗಿದ್ದರೂ, ಒಳಮೈಯ ತೆಳುವಾದ ಒಂದು ಪದರವನ್ನು ಬಿಟ್ಟರೆ, ಹೃದಯದ ಮಾಂಸವು ಈ ಪ್ರವಾಹದಿಂದ ನೇರವಾಗಿ ಏನನ್ನೂ ಪಡೆಯಲಾರದು. ಅದರ ಆಹಾರವೆಲ್ಲವೂ ಹೊರಮೈಯ ಮೇಲೆ ಹರಿದುಬರುವ ಎರಡು ಸಣ್ಣ ಧಮನಿಗಳ ಮೂಲಕವೇ ಬರಬೇಕು. ಈ ಎರಡು ನಾಳಗಳನ್ನು ಮನುಷ್ಯನು ಕಂಡದ್ದು ಎಂದು, ಅವುಗಳ ಬೆಲೆಯನ್ನು ಅರಿತದ್ದು ಎಂದು ಎಂಬುದೇ ಈ ಭಾಷಣದ ವಿಷಯ. ಇವೆರಡರ ನಡುವೆ ಹದಿನಾರು ಶತಮಾನಗಳ ಅಂತರವಿದೆ.

ಮೊದಲು ಅವುಗಳ ಇರವನ್ನು ತಿಳಿಯೋಣ. ಹೃದಯದಿಂದ ಹೊರಡುವ ಮಹಾಧಮನಿಯ ಬುಡದಲ್ಲಿ ಮೂರು ದಳಗಳ ಒಂದು ಕವಾಟವಿದೆಯಷ್ಟೆ. ಅದರ ಬಳಿಯಲ್ಲಿಯೇ ಈ ಎರಡು ಧಮನಿಗಳೂ ಹುಟ್ಟುತ್ತವೆ. ಎಂದರೆ ಮಹಾಧಮನಿಯ ಮೊಟ್ಟಮೊದಲನೆಯ ಕವಲುಗಳೇ ಇವು. ಬಲಗಡೆಯದು ಬಲ ಹೃತ್ಕರ್ಣಕ್ಕೂ ಬಲ ಹೃತ್ಕುಕ್ಷಿಗೂ ನಡುವಣ ತೋಡಿನಲ್ಲಿ ಸಾಗಿ ಹಿಂಬದಿಗೆ ತಿರುಗುತ್ತದೆ. ಎಡಗಡೆಯದು ಬಹು ಗಿಡ್ಡವಾದ ಕಾಂಡ. ಹುಟ್ಟಿದೊಡನೆಯೇ ಎರಡಾಗಿ ಒಡೆದು, ಒಂದು ಕವಲು ಮುಂಬದಿಯಲ್ಲಿ ಹೃದಯದ ತುದಿಯ ಕಡೆಗೆ ಇಳಿಯುತ್ತದೆ, ಇನ್ನೊಂದು ಎಡಪಕ್ಕವನ್ನು ಬಳಸಿ ಹಿಂದಕ್ಕೆ ಹೋಗುತ್ತದೆ. ದೊಡ್ಡ ಕವಲುಗಳ ಒಳ ಅಗಲವೂ ಮೂರು ನಾಲ್ಕು ಮಿಲಿಮೀಟರುಗಳಿಗೆ ಹೆಚ್ಚಿಲ್ಲ. ಹೃದಯದ ತೂಕವು ದೇಹದ ತೂಕದಲ್ಲಿ ಇನ್ನೂರರಲ್ಲೊಂದು ಪಾಲು. ಆದರೆ ಅದು ತಾನು ನೂಕಿದ ರಕ್ತದಲ್ಲಿ ಇಪ್ಪತ್ತರಲ್ಲೊಂದು ಪಾಲನ್ನು ತನಗಾಗಿ ತೆಗೆದುಕೊಳ್ಳುತ್ತದೆ. ಇನ್ನೊಂದು ವಿಚಿತ್ರವಿದೆ. ಎಡ ಹೃತ್ಕುಕ್ಷಿಯು ಬಿಗಿಯಾಗಿ ಸಂಕೋಚಗೊಂಡಾಗ ತನ್ನ ನಾಳಗಳನ್ನು ತಾನೇ ಹಿಸುಕಿಬಿಡುವುದರಿಂದ, ಅದಕ್ಕೆ ರಕ್ತವು ಬಹುಮಟ್ಟಿಗೆ ಎರಡು ಬಡಿತಗಳ ನಡುವಣ ವಿಶ್ರಾಂತಿಯಲ್ಲಿ ಮಾತ್ರ ಒದಗುತ್ತದೆ. ದುಡಿಯುವಾಗ ಊಟವಿಲ್ಲ, ಊಟಕ್ಕೆ ದೊರೆಯುವುದು ಕ್ಷಣಾರ್ಧದ ಬಿಡುವು.

ಕ್ರಿಸ್ತಶಕ ಎರಡನೆಯ ಶತಮಾನದಲ್ಲಿ ರೋಮಿನಲ್ಲಿ ವೈದ್ಯನಾಗಿದ್ದ ಗ್ಯಾಲೆನನು ಕೋತಿ, ಹಂದಿ ಮುಂತಾದ ಪ್ರಾಣಿಗಳನ್ನು ಕೊಯ್ದು ನೋಡಿ, ಹೃದಯವನ್ನು ಸುತ್ತಿಕೊಂಡಿರುವ ಈ ನಾಳಗಳನ್ನು ವರ್ಣಿಸಿದನು. ಅವು ಹೃದಯದ ಮೇಲ್ಭಾಗವನ್ನು ಕಿರೀಟದಂತೆ ಬಳಸಿರುವುದರಿಂದ ಅವುಗಳಿಗೆ ಕಿರೀಟದ ಹೆಸರೇ ನಿಂತಿತು. ಆತನಿಗೆ ಹಿಂದೆ ಅಲೆಕ್ಸಾಂಡ್ರಿಯದ ಎರಸಿಸ್ಟ್ರಾಟನು ಧಮನಿಗಳಲ್ಲಿ ಇರುವುದು ರಕ್ತವಲ್ಲ, ವಾಯು ಎಂದು ಬೋಧಿಸಿದ್ದನು. ಇದನ್ನು ಕೇಳಿ ನಾವು ನಗಬೇಕಾಗಿಲ್ಲ. ನಮ್ಮ ‘ಧಮನಿ’ ಎಂಬ ಶಬ್ದವೂ ಊದುವುದು ಎಂಬ ಅರ್ಥದ ಧಾತುವಿನಿಂದಲೇ ಬಂದದ್ದು.

ಸುಮಾರು 1513 ರಲ್ಲಿ ಲಿಯೊನಾರ್ಡೊ ಡ ವಿಂಚಿಯು ಎತ್ತಿನ ಹೃದಯವನ್ನು ಮುಂದಿಟ್ಟುಕೊಂಡು ಈ ಧಮನಿಗಳನ್ನು ಅತ್ಯಂತ ಸುಂದರವಾಗಿ ಚಿತ್ರಿಸಿದನು; ಆದರೆ ಆ ಹಾಳೆಗಳು ಆತನ ಕಾಲದಲ್ಲಿ ಅಚ್ಚಾಗಲಿಲ್ಲವಾದುದರಿಂದ ವೈದ್ಯರಿಗೆ ಪ್ರಯೋಜನವಾಗಲಿಲ್ಲ. 1628 ರಲ್ಲಿ ವಿಲಿಯಂ ಹಾರ್ವೆಯು ರಕ್ತವು ದೇಹದಲ್ಲಿ ಸುತ್ತುತ್ತದೆಂದು ಸ್ಥಾಪಿಸಿದನು. 1649 ರಲ್ಲಿ ಪ್ಯಾರಿಸಿನ ರಿಯೊಲಾನನಿಗೆ ಉತ್ತರ ಬರೆಯುವಾಗ, ಹೃದಯದ ಸ್ವಂತ ಮಾಂಸದಲ್ಲಿಯೂ ಇಂತಹದೇ ಒಂದು ಸಣ್ಣ ಸುತ್ತು ಇರುವುದನ್ನು ಆತನು ಪ್ರಸ್ತಾಪಿಸಿದನು. ಅಲ್ಲಿಂದ ಇಪ್ಪತ್ತು ವರ್ಷಗಳ ಮೇಲೆ ರಿಚರ್ಡ್ ಲೋವರನು, ಒಂದು ಕಿರೀಟ ಧಮನಿಯೊಳಗೆ ತುಂಬಿದ ದ್ರವವು ಇನ್ನೊಂದಕ್ಕೂ ಹರಡುತ್ತದೆ, ಆದುದರಿಂದ ಎರಡಕ್ಕೂ ಒಳಸಂಬಂಧವಿದೆ ಎಂದು ಬರೆದನು. ಈ ಮಾತನ್ನು ಶ್ರೋತೃಗಳು ನೆನಪಿನಲ್ಲಿಡಬೇಕೆಂದು ಪ್ರಾರ್ಥನೆ.

ಇಷ್ಟೆಲ್ಲ ತಿಳಿದಿದ್ದರೂ, ಈ ನಾಳಗಳು ಕೆಟ್ಟರೆ ಮನುಷ್ಯನಿಗೆ ಏನಾಗುವುದೆಂಬ ಪ್ರಶ್ನೆಯನ್ನು ಯಾರೂ ನೆಟ್ಟಗೆ ಕೇಳಿರಲಿಲ್ಲ. 1768 ರ ಜುಲೈ 21 ರಂದು ಲಂಡನ್ನಿನ ವೈದ್ಯರ ಸಭೆಯಲ್ಲಿ ವಿಲಿಯಂ ಹೆಬರ್ಡೆನನು ಒಂದು ಎದೆನೋವಿನ ವರ್ಣನೆಯನ್ನು ಓದಿದನು. ನಡೆಯುವಾಗ, ಅದರಲ್ಲಿಯೂ ಊಟವಾದಮೇಲೆ ಏರನ್ನು ಹತ್ತುವಾಗ, ಎದೆಯನ್ನು ಹಿಚುಕಿದಂತಾಗುವುದು. ನಿಂತರೆ ನೋವೂ ನಿಲ್ಲುವುದು. ಕಡೆಗೊಂದು ದಿನ ರೋಗಿಯು ತಟ್ಟನೆ ಕುಸಿದು ಬೀಳುವನು. ವರ್ಣನೆಯಲ್ಲಿ ಕೊರತೆಯೇನೂ ಇರಲಿಲ್ಲ. ಕಾರಣ ಮಾತ್ರ ಆತನಿಗೆ ತಿಳಿಯದು. 1772 ರಲ್ಲಿ ಹೆಸರು ತಿಳಿಸದ ಒಬ್ಬ ಗೃಹಸ್ಥನು ಈ ಲಕ್ಷಣಗಳು ತನ್ನಲ್ಲಿಯೂ ಇವೆಯೆಂದು ಹೆಬರ್ಡೆನನಿಗೆ ಪತ್ರ ಬರೆದು, ತಾನು ಹಠಾತ್ತಾಗಿ ಸತ್ತರೆ ತನ್ನ ದೇಹವನ್ನು ಕೊಯ್ದು ಪರೀಕ್ಷಿಸಬೇಕೆಂದು ಏರ್ಪಾಡು ಮಾಡಿದನು. ಮೂರು ವಾರಗಳೊಳಗೆ ಆತನು ತೀರಿಕೊಂಡನು. ಪರೀಕ್ಷಿಸಿದವನು ಅಂದಿನ ಶಸ್ತ್ರವೈದ್ಯರಲ್ಲಿ ಅಗ್ರಗಣ್ಯನಾದ ಜಾನ್ ಹಂಟರ್. ಅಂತಹ ನಿಪುಣನಿಗೂ ಮರಣದ ಕಾರಣವು ಸಿಕ್ಕಲಿಲ್ಲ. ಕಿರೀಟ ಧಮನಿಗಳ ವಿಷಯವಾಗಿ ಆ ವರದಿಯಲ್ಲಿ ಮಾತೇ ಇಲ್ಲ.

ಮುಂದಿನ ವರ್ಷವೇ ಹಂಟರನಿಗೆ ಸ್ವತಃ ಈ ನೋವು ತಲೆದೋರಿತು. ಆತನ ಪ್ರಿಯಶಿಷ್ಯನೂ, ತರುವಾಯ ಸಿಡುಬಿಗೆ ದೇವಿ ಹಾಕುವ ಕ್ರಮದಿಂದ ಲೋಕಪ್ರಸಿದ್ಧನೂ ಆದ ಎಡ್ವರ್ಡ್ ಜೆನ್ನರನು ಹಳ್ಳಿಗಾಡಿನಲ್ಲಿ ವೈದ್ಯನಾಗಿದ್ದನು. ಇದೇ ನೋವಿನಿಂದ ಸತ್ತವನೊಬ್ಬನ ಹೃದಯವನ್ನು ಆತನು ಕೊಯ್ಯುತ್ತಿರುವಾಗ ಚೂರಿಯು ಯಾವುದೋ ಗಟ್ಟಿ ಪದಾರ್ಥಕ್ಕೆ ತಾಗಿ ಅದರ ಬಾಯಿ ಮುರಿಯಿತು. ಮೇಲ್ಛಾವಣಿಯು ಹಳೆಯದು; ಗಾರೆಯ ಚೂರು ಬಿದ್ದಿರಬೇಕೆಂದು ಜೆನ್ನರನು ತಲೆಯೆತ್ತಿ ನೋಡಿದನು. ಬಿದ್ದದ್ದು ಗಾರೆಯಲ್ಲ. ಕಿರೀಟ ಧಮನಿಯೇ ಮೂಳೆಯ ಕೊಳವೆಯಂತಾಗಿತ್ತು.

ರೋಗದ ಬೇರು ಹೀಗೆ ಕೈಗೆ ಸಿಕ್ಕಿತು. ಆದರೆ ಇದನ್ನು ಪ್ರಕಟಿಸಿದರೆ ಗುರುವಿನ ಕಣ್ಣಿಗೆ ಬೀಳದಿರುವುದೆಂತು? ಆ ಕಾಲದಲ್ಲಿ ಇದಕ್ಕೆ ಚಿಕಿತ್ಸೆಯಿಲ್ಲ. ತಿಳಿದರೆ ಹಂಟರನಿಗೆ ಆಗುವುದು ತನ್ನ ಮರಣಪತ್ರವನ್ನು ತಾನೇ ಓದಿಕೊಂಡಂತೆ. ಜೆನ್ನರನು ಒಬ್ಬಿಬ್ಬರು ಮಿತ್ರರಿಗೆ ಗುಟ್ಟಾಗಿ ತಿಳಿಸಿ ಸುಮ್ಮನಾದನು. ಶಾಸ್ತ್ರದ ದೃಷ್ಟಿಯಿಂದ ಇದು ತಪ್ಪೆಂದು ವಾದಿಸುವವರು ಇದ್ದಾರು. ನನಗೆ ಹಾಗೆ ತೋರುವುದಿಲ್ಲ. ಆ ಮೌನದಿಂದ ಗುಣವಾಗಬಹುದಾಗಿದ್ದ ಯಾವ ರೋಗಿಗೂ ಹಾನಿಯಾಗಲಿಲ್ಲ. ತನ್ನನ್ನು ಕೆಣಕಬಯಸುವ ಯಾವ ಪೋಕರಿಯ ಕೈಯಲ್ಲಾದರೂ ತನ್ನ ಪ್ರಾಣವಿದೆಯೆಂದು ಹಂಟರನು ಹೇಳುತ್ತಿದ್ದನೆಂದು ಪ್ರತೀತಿ. ಹಾಗೆಯೇ ಆಯಿತು. 1793 ರ ಅಕ್ಟೋಬರ್ 16 ರಂದು ಸೇಂಟ್ ಜಾರ್ಜ್ ಆಸ್ಪತ್ರೆಯ ಆಡಳಿತ ಸಭೆಯಲ್ಲಿ ಒಬ್ಬರು ಆತನ ಮಾತಿಗೆ ಎದುರಾಡಿದರು. ಕೋಪವನ್ನು ನುಂಗಿಕೊಂಡು ಪಕ್ಕದ ಕೋಣೆಗೆ ಹೋದವನು ಅಲ್ಲಿಯೇ ಬಿದ್ದು ಅಸುನೀಗಿದನು. ದೇಹವನ್ನು ಕೊಯ್ದಾಗ ಕಿರೀಟ ಧಮನಿಗಳು ಗಟ್ಟಿಯಾಗಿದ್ದುದು ಕಂಡಿತು. ಜೆನ್ನರನ ಪತ್ರವು 1799 ರಲ್ಲಿ ಬಾತ್ ನಗರದ ವೈದ್ಯ ಕೇಲಬ್ ಪ್ಯಾರಿಯ ಗ್ರಂಥದಲ್ಲಿ ಬೆಳಕು ಕಂಡಿತು.

ಇನ್ನು ಲೋವರನ ಮಾತಿಗೆ ಬರೋಣ. ಕವಲುಗಳಿಗೆ ಒಳಸಂಬಂಧವಿದ್ದರೆ, ಒಂದು ಮುಚ್ಚಿದರೂ ಇನ್ನೊಂದು ಕಾಪಾಡಬೇಕಲ್ಲವೆ? 1881 ರಲ್ಲಿ ಜರ್ಮನಿಯ ಕೋನ್‌ಹೈಮನು ನಾಯಿಯ ಕಿರೀಟ ಧಮನಿಯ ದೊಡ್ಡ ಕವಲೊಂದನ್ನು ಕಟ್ಟಿದನು. ಸುಮಾರು ಎರಡು ನಿಮಿಷಗಳಲ್ಲಿ ಹೃದಯವು ನಿಂತುಹೋಯಿತು. ಸಂಬಂಧವೆಂಬುದು ಇಲ್ಲವೇ ಇಲ್ಲ, ನಾಳ ಮುಚ್ಚಿದರೆ ಮರಣವೇ ಗತಿ ಎಂದು ಆತನು ತೀರ್ಮಾನಿಸಿದನು. ವೈದ್ಯಲೋಕವು ಬಹುಕಾಲ ಇದನ್ನೇ ನಂಬಿತು. ನಂಬಿದ್ದರಿಂದ ಬದುಕಿರುವ ರೋಗಿಯಲ್ಲಿ ಈ ವ್ಯಾಧಿಯನ್ನು ಹುಡುಕುವ ಗೋಜಿಗೂ ಹೋಗಲಿಲ್ಲ. 1912 ರಲ್ಲಿ ಚಿಕಾಗೋವಿನ ಜೇಮ್ಸ್ ಹೆರಿಕನು 55 ವರ್ಷದ ಒಬ್ಬ ರೋಗಿಯ ವೃತ್ತಾಂತವನ್ನು ಮುಂದಿಟ್ಟನು. ಕಿರೀಟ ಧಮನಿಯಲ್ಲಿ ರಕ್ತ ಹೆಪ್ಪುಗಟ್ಟಿಯೂ ಆತನು 52 ಗಂಟೆಗಳ ಕಾಲ ಬದುಕಿದ್ದನು. ಹಾಗಾದರೆ ಇನ್ನು ಕೆಲವರು ಪೂರ್ಣವಾಗಿ ಉಳಿಯಲೂಬಹುದು ಎಂದು ಹೆರಿಕನ ವಾದ. ಮೊದಲು ಯಾರೂ ಕಿವಿಗೊಡಲಿಲ್ಲ. ವಿದ್ಯುತ್ ಹೃದಯಲೇಖನದ ಸಾಕ್ಷ್ಯವು ಸೇರಿದ ಮೇಲೆ ಒಪ್ಪಿದರು. 1921 ರಲ್ಲಿ ಲೂಯಿ ಗ್ರಾಸ್ ಎಂಬಾತನು, ಸತ್ತವರ ಹೃದಯದ ನಾಳಗಳಲ್ಲಿ ಬೇರಿಯಂ ಲವಣವನ್ನು ತುಂಬಿ ಎಕ್ಸ್-ರೇ ಚಿತ್ರಗಳನ್ನು ತೆಗೆದು, ಕವಲುಗಳನ್ನು ಕೂಡಿಸುವ ಸೂಕ್ಷ್ಮ ನಾಳಗಳನ್ನು ಕಣ್ಣಿಗೆ ಕಾಣಿಸಿದನು. ನಾಯಿಯ ವಿಷಯದಲ್ಲಿ ಕಂಡದ್ದೂ ಸುಳ್ಳಲ್ಲ. ಆ ನಾಳಗಳು ಬಹು ಕಿರಿದಾದುದರಿಂದ ಥಟ್ಟನೆ ಬಂದ ಆಪತ್ತಿಗೆ ಒದಗಲಾರವು. ದೊಡ್ಡ ನಾಳವು ವರ್ಷಗಟ್ಟಲೆ ಮೆಲ್ಲಮೆಲ್ಲನೆ ಕಿರಿದಾದರೆ ಮಾತ್ರ ಅಗಲವಾಗಿ ಬೆಳೆದು ನೆರವಾಗುತ್ತವೆ.

ಇವೆಲ್ಲ ಸತ್ತವರ ಹೃದಯಗಳ ಮಾತಾಯಿತು. ಬದುಕಿರುವವನ ಕಿರೀಟ ಧಮನಿಗೆ ನೇರವಾಗಿ ಬಣ್ಣದ್ರವವನ್ನು ಬಿಟ್ಟರೆ ಪ್ರಾಣ ಹೋಗುವುದೆಂದು ವೈದ್ಯರು ಅಂಜುತ್ತಿದ್ದರು. 1958 ರ ಅಕ್ಟೋಬರ್ 30 ರಂದು ಅಮೆರಿಕದ ಕ್ಲೀವ್‌ಲೆಂಡಿನಲ್ಲಿ ಮೇಸನ್ ಸೋನ್ಸ್ ಎಂಬಾತನು ರೋಗಿಯೊಬ್ಬನ ಮಹಾಧಮನಿಗೆಂದು ಬಿಟ್ಟ ದ್ರವವು, ನಳಿಕೆಯ ತುದಿ ಜಾರಿದ್ದರಿಂದ, ಬಲ ಕಿರೀಟ ಧಮನಿಯನ್ನೇ ತುಂಬಿತು. ಹೃದಯವು ನಿಂತಿತು. ಕೆಮ್ಮೆಂದು ಸೋನ್ಸನು ಕೂಗಿದನು. ರೋಗಿಯು ಮೂರು ನಾಲ್ಕು ಸಲ ಬಲವಾಗಿ ಕೆಮ್ಮಿದನು. ಹೃದಯವು ಮತ್ತೆ ಬಡಿಯತೊಡಗಿತು.